‘ಬಿಟ್ಟೆ’ ಎಂದ ನಿರ್ದೇಶಕಿ

ಅದು ೨೦೧೮ರ ಕಬ್ಬು ಕಟಾವಿನ ಕಾಲ. ಉಪಭಾಷಾ ನಿಘಂಟು ವಿಭಾಗದಲ್ಲಿ ಸಂಶೋಧಕನಾಗಿ ದುಡಿದು ನಿವೃತ್ತನಾಗಿದ್ದ ನಾನು ಶ್ರೀರಂಗಪಟ್ಟಣದ ಗಂಜಾಂನಲ್ಲಿ, ನಿಮಿಷಾಂಬ ದೇವಸ್ಥಾನಕ್ಕೆ ಹೋಗುವ ದಾರಿಯ ಒಂದು ಮನೆಯಲ್ಲಿ ನೆಲೆಸಿದ್ದೆ. ಇಸವಿಯನ್ನು ಕೇವಲ ನೆನಪಿನ ಬಲದಿಂದ ಬರೆಯುತ್ತಿಲ್ಲ. ನೆನಪು ೨೦೧೭ ಎಂದೇ ಹಟ ಹಿಡಿದಿತ್ತು. ಆದರೆ ಚಿತ್ರೀಕರಣದ ಫೋಟೋಗಳಲ್ಲಿ ನನ್ನ ಮೂಗಿನ ಮೇಲಿರುವುದು ಪೊರೆಯ ಶಸ್ತ್ರಚಿಕಿತ್ಸೆಯ ನಂತರ ಬಂದ ಕನ್ನಡಕ. ಶಸ್ತ್ರಚಿಕಿತ್ಸೆ ಆದದ್ದು ೨೦೧೮ರ ಮಳೆಗಾಲದಲ್ಲಿ. ನೆನಪು ಸೋತಿತು, ಕನ್ನಡಕ ಗೆದ್ದಿತು.

ಸಾವಿರಾರು ಪದಗಳ ಬೆನ್ನು ಹತ್ತಿದ್ದ ನನಗೆ ಅತ್ಯಂತ ಕಷ್ಟ ಕೊಟ್ಟ ಪದ ಎದುರಾದದ್ದು ನಿವೃತ್ತಿಯ ನಂತರ. ಅದು ಶಾಸನದ ಪದವಲ್ಲ, ಹಳಗನ್ನಡದ್ದೂ ಅಲ್ಲ. ಮಂಡ್ಯ ಸೀಮೆಯಲ್ಲಿ ಹಾಲು ಕರೆಯುವವರಿಂದ ಹಿಡಿದು ಬಸ್ಸು ಓಡಿಸುವವರವರೆಗೆ ಎಲ್ಲರ ಬಾಯಲ್ಲೂ ಇರುವ ‘ಬಿಡು’. ಅದನ್ನು ನನ್ನೆದುರು ತಂದಿಟ್ಟವರು ಜರ್ಮನಿಯ ಒಬ್ಬ ಚಲನಚಿತ್ರ ನಿರ್ದೇಶಕಿ.

ಮೈಸೂರಿನ ಗೆಳೆಯರೊಬ್ಬರು ಫೋನು ಮಾಡಿ, “ಒಬ್ಬರು ನಿರ್ದೇಶಕಿ ಬಂದಿದ್ದಾರೆ. ಅವರು ಬರೆದ ಚಿತ್ರಕಥೆಗೆ ಮಂಡ್ಯದ ಮಾತು ಬೇಕಂತೆ. ನಿಮಗೆ ಜರ್ಮನ್ ಬರುತ್ತದಲ್ಲ?” ಎಂದು ಕೇಳಿದರು. ಒಂದು ರೀತಿಯಲ್ಲಿ ಬರುತ್ತಿತ್ತು. ಹತ್ತೊಂಬತ್ತನೆಯ ಶತಮಾನದಲ್ಲಿ ಇಲ್ಲಿದ್ದ ಜರ್ಮನ್ ಪಾದ್ರಿಗಳು ಕನ್ನಡ ಪದಗಳ ಬಗ್ಗೆ ಬರೆದ ಟಿಪ್ಪಣಿಗಳನ್ನು ಓದಬೇಕೆಂದು ನಾನು ಆ ಭಾಷೆಯನ್ನು ಕಲಿತಿದ್ದೆ. ಆದ್ದರಿಂದ ನನ್ನ ಜರ್ಮನ್ ಮಾತೆಲ್ಲ ಧರ್ಮೋಪದೇಶದಂತೆ ಕೇಳಿಸುತ್ತಿತ್ತು. ಮೊದಲ ಭೇಟಿಯಲ್ಲಿ ನಾನು ಕುಶಲ ವಿಚಾರಿಸಿದಾಗ ಆಕೆ ಕುರ್ಚಿಯ ಕೈ ಹಿಡಿದುಕೊಂಡು ನಕ್ಕರು. “ಕ್ಷಮಿಸಿ, ನನ್ನ ಮುತ್ತಜ್ಜ ಎದ್ದು ಬಂದ ಹಾಗಾಯಿತು” ಎಂದರು.

ಹೆಸರು ಹೆಲ್ಗಾ. ಎಲ್ಲರೂ ತಮ್ಮನ್ನು ಮೊದಲ ಹೆಸರಿನಿಂದಲೇ ಕರೆಯಬೇಕೆಂಬುದು ಅವರ ಅಪೇಕ್ಷೆಯಾಗಿತ್ತು. ಇಲ್ಲಿಯೂ ಹಾಗೆಯೇ ಕರೆಯುತ್ತೇನೆ. ಆಗ ಅವರಿಗೆ ಎಪ್ಪತ್ತರ ಹತ್ತಿರ. ಎತ್ತರದ ಆಳು, ಕತ್ತರಿಸಿದ ಬಿಳಿ ಕೂದಲು, ಮೊಣಕಾಲಿನಲ್ಲಿ ಜೇಬಿರುವ ಷರಾಯಿ. ಉತ್ತರ ಜರ್ಮನಿಯ ಒಂದು ಬಂದರು ಪಟ್ಟಣದ ಬಡಗಿಯ ಮಗಳು. ಹತ್ತೊಂಬತ್ತನೆಯ ವಯಸ್ಸಿನಲ್ಲಿ ಮನೆ ತೊರೆದು ನಗರದ ಒಂದು ಎಡಿಟಿಂಗ್ ಕೊಠಡಿ ಸೇರಿದರು. ಇತರರ ಚಿತ್ರಗಳನ್ನು ಕತ್ತರಿಸಿ ಅಂಟಿಸುವ ಕೆಲಸದಿಂದ ಆರಂಭಿಸಿ, ತಾವೇ ಬರೆದು ತಾವೇ ನಿರ್ದೇಶಿಸಿ ಐದು ಚಿತ್ರಗಳನ್ನು ತೆಗೆದಿದ್ದರು. ದೀಪಸ್ತಂಭ ಕಾಯುವವನ ವಿಧವೆ, ಮೀನು ಡಬ್ಬಿ ತುಂಬುವ ಕಾರ್ಖಾನೆಯ ಹೆಂಗಸರು, ಕೊನೆಯ ದಿನದ ಪಾಳಿಯಲ್ಲಿರುವ ಟ್ರಾಮ್ ಚಾಲಕ, ಇಂಥವರು ಅವರ ಚಿತ್ರಗಳ ನಾಯಕರು. ಸ್ವತಂತ್ರ ನಿರ್ದೇಶಕರೆಂದರೆ ದೊಡ್ಡ ಸ್ಟುಡಿಯೊದ ಹಂಗಿಲ್ಲದೆ ಸಣ್ಣ ತಂಡ ಕಟ್ಟಿಕೊಂಡು ಚಿತ್ರ ಮಾಡುವವರು. ಅವರ ಚಿತ್ರಗಳನ್ನು ನೋಡುವವರು ಕಡಿಮೆ, ಆದರೆ ನೋಡಿದವರು ಮರೆಯುವುದಿಲ್ಲ.

ಅವರ ವೃತ್ತಿಜೀವನದ ಒಂದು ಟಿಪ್ಪಣಿ ತಯಾರಿಸಲು ಹೊರಟ ನನಗೆ ಮೊದಲ ಚಿತ್ರದ ಇಸವಿಯೇ ಸಿಕ್ಕಲಿಲ್ಲ. ಮೂರು ಚಿತ್ರೋತ್ಸವದ ಕೈಪಿಡಿಗಳಲ್ಲಿ ಮೂರು ಇಸವಿಗಳಿದ್ದವು. ಯಾವುದು ಸರಿ ಎಂದು ಕೇಳಿದೆ.

“ಒಂದು ಬರೆದ ವರ್ಷ, ಒಂದು ತೆಗೆದ ವರ್ಷ, ಇನ್ನೊಂದು ಯಾರಾದರೂ ನೋಡಿದ ವರ್ಷ. ಮೂರೂ ಸರಿ” ಎಂದರು. ನನ್ನ ಮುಖ ನೋಡಿ, “ಪಾಪ, ನಿಮಗೆ ನಿದ್ದೆ ಬರುವುದಿಲ್ಲ ಅಲ್ಲವೆ?” ಎಂದೂ ಸೇರಿಸಿದರು.

ಎರಡು ವಿಷಯಗಳಲ್ಲಿ ಮಾತ್ರ ಅವರು ಕಬ್ಬಿಣ. ಮೊದಲನೆಯದು, ಡಬ್ಬಿಂಗ್ ಇಲ್ಲ. ನಮ್ಮಲ್ಲಿ ಎಷ್ಟೋ ಚಿತ್ರಗಳಿಗೆ ಚಿತ್ರೀಕರಣವಾದ ಮೇಲೆ ಸ್ಟುಡಿಯೊದಲ್ಲಿ ಕುಳಿತು ಮಾತು ಸೇರಿಸುತ್ತಾರೆ. ಹೆಲ್ಗಾ ಅವರದು ಸಿಂಕ್ ಸೌಂಡ್, ಅಂದರೆ ಕ್ಯಾಮೆರಾ ಓಡುವಾಗ ಅಲ್ಲೇ ಆಡಿದ ಮಾತನ್ನು ಅಲ್ಲೇ ಮುದ್ರಿಸಿಕೊಳ್ಳುವ ಕ್ರಮ. ಎರಡನೆಯದು, ಬರೆದ ಮಾತು ಬದಲಾಗಬಾರದು. ಒಮ್ಮೆ ಒಂದು ಟಿ.ವಿ. ವಾಹಿನಿ ಕೊನೆಯ ಸಂಭಾಷಣೆಯನ್ನು ತಿದ್ದಲು ಕೇಳಿದ್ದಕ್ಕೆ, ಫಿಲ್ಮಿನ ಡಬ್ಬಿಗಳನ್ನು ಸೈಕಲ್ಲಿನ ಕ್ಯಾರಿಯರಿಗೆ ಕಟ್ಟಿಕೊಂಡು ಮನೆಗೆ ಬಂದಿದ್ದರಂತೆ.

ಆರನೆಯ ಚಿತ್ರಕ್ಕಾಗಿ ಅವರು ಇಲ್ಲಿಗೆ ಬರಲು ಕಾರಣ ಒಂದು ಗಾಡಿಚಕ್ರ. ಕಥೆ ಸರಳ. ಒಬ್ಬ ಬಡಗಿ, ಒಬ್ಬ ರೈತ, ಬಾಲ್ಯದ ಗೆಳೆಯರು. ಬಡಗಿಯ ಕೊಟ್ಟಿಗೆಗೆ ಬೆಂಕಿ ಬಿದ್ದ ದಿನ ರೈತ ನೀರು ಹೊತ್ತು ಬರದೆ ತನ್ನ ಮನೆಯ ಬಾಗಿಲು ಹಾಕಿಕೊಂಡ. ಅಂದಿನಿಂದ ಮಾತಿಲ್ಲ. ಮುಪ್ಪಿನಲ್ಲಿ ರೈತ ಒಂದು ಚಕ್ರ ಮಾಡಿಸಲು ಬರುತ್ತಾನೆ. ಮರದ ಚಕ್ರಕ್ಕೆ ಕಬ್ಬಿಣದ ಪಟ್ಟಾ ಏರಿಸುವ ದಿನವೇ ಕೊನೆಯ ದೃಶ್ಯ. ಪಟ್ಟಾವನ್ನು ಬೆಂಕಿಯಲ್ಲಿ ಕಾಯಿಸಿದರೆ ಅದು ಹಿಗ್ಗುತ್ತದೆ. ಕೆಂಪಗಿರುವಾಗಲೇ ಚಕ್ರಕ್ಕೆ ಕೂರಿಸಿ ನೀರು ಸುರಿದರೆ ಕುಗ್ಗಿ ಮರವನ್ನು ಬಿಗಿಯಾಗಿ ಅಪ್ಪಿಕೊಳ್ಳುತ್ತದೆ. ಅಂದು ನೀರು ತರದವನು ಇಂದು ನೀರು ಸುರಿಯುತ್ತಾನೆ. ಹಬೆ ಏಳುತ್ತದೆ. ಹಬೆಯೊಳಗಿಂದ ಬಡಗಿ ಒಂದು ಮಾತು ಹೇಳುತ್ತಾನೆ: “ಇಷ್ ಫೆರ್‌ಟ್ಸೈಯೆ ದಿಯರ್.” ನಾನು ನಿನ್ನನ್ನು ಕ್ಷಮಿಸಿದ್ದೇನೆ.

ಅವರ ದೇಶದಲ್ಲಿ ಹಾಗೆ ಚಕ್ರ ಮಾಡುವ ಬಡಗಿಗಳು ಅವರ ಕೈಗೆ ಸಿಕ್ಕಿರಲಿಲ್ಲ. ಚಿತ್ರಕಥೆಯನ್ನು ಚೀಲದಲ್ಲಿಟ್ಟುಕೊಂಡು ಊರೂರು ಅಲೆದು ನಮ್ಮ ಸೀಮೆಗೆ ಬಂದಿದ್ದರು. ಕೆ.ಆರ್. ಪೇಟೆಯಿಂದ ಶೀಳನೆರೆಗೆ ಹೋಗುವ ಬಸ್ಸನ್ನು ಒಬ್ಬರೇ ಹತ್ತಿದ ದಿನದ ಸಂಗತಿಯನ್ನು ಅವರು ಬಹಳ ದಿನ ಹೇಳಿಕೊಳ್ಳುತ್ತಿದ್ದರು. ಕಂಡಕ್ಟರು ಹತ್ತಿರ ಬಂದು “ಎಲ್ಗಮ್ಮಾ?” ಎಂದನಂತೆ. ಇವರಿಗೆ ರೋಮಾಂಚನ. “ಹೌದು, ಹೆಲ್ಗಾ! ನಿಮಗೆ ಹೇಗೆ ಗೊತ್ತು?” ಎಂದು ಇಂಗ್ಲಿಷಿನಲ್ಲಿ ಕೇಳಿ ಕೈ ಕುಲುಕಿದರಂತೆ. ‘ಎಲ್ಲಿಗೆ ಅಮ್ಮಾ’ ಎಂಬುದು ನಮ್ಮಲ್ಲಿ ಹಾಗೆ ಉರುಳುತ್ತದೆಂದು ನಾನು ವಿವರಿಸಿದಾಗ ಒಂದು ಕ್ಷಣ ಮಂಕಾಗಿ, ಆಮೇಲೆ, “ಪರವಾಗಿಲ್ಲ. ಒಂದು ಇಡೀ ಜಿಲ್ಲೆ ನನ್ನ ಹೆಸರು ಹಿಡಿದು ಪ್ರಶ್ನೆ ಕೇಳುತ್ತದೆ” ಎಂದರು. ಹಕಾರ ನುಂಗುವ ನಮ್ಮ ಜನರ ಬಾಯಲ್ಲಿ ಅವರು ಎಲ್ಗಮ್ಮನಾಗಿಯೇ ಉಳಿದರು.

ನನ್ನ ಕೆಲಸ ಸಂಭಾಷಣೆಗಳನ್ನು ಕನ್ನಡಕ್ಕೆ, ಅದರಲ್ಲೂ ಪಾಂಡವಪುರದ ಕಡೆಯ ಮಾತಿಗೆ ತರುವುದು. ಕೊನೆಯ ವಾಕ್ಯದ ಕೆಳಗೆ ನಾನು ಒಂದು ಅಡಿಟಿಪ್ಪಣಿ ಹಾಕಿದ್ದೆ: ‘ಈ ವಾಕ್ಯ ವ್ಯಾಕರಣದ ಪ್ರಕಾರ ಶುದ್ಧವಾಗಿದೆ. ಇದನ್ನು ಈ ಸೀಮೆಯಲ್ಲಿ ಯಾರೂ ಯಾರಿಗೂ ಹೇಳಿದ್ದನ್ನು ನಾನು ಕೇಳಿಲ್ಲ.’

“ಹಾಗಾದರೆ ನನ್ನ ಬಡಗಿ ಮೊದಲನೆಯವನಾಗಲಿ” ಎಂದು ಹೆಲ್ಗಾ ಪುಟ ಮಗುಚಿದರು.

ಬಡಗಿಯ ಪಾತ್ರಕ್ಕೆ ಸಿಕ್ಕವರು ಕ್ಯಾತನಹಳ್ಳಿಯ ಭದ್ರಾಚಾರಿ. ವಿಶ್ವಕರ್ಮರ ಮನೆತನ. ಅಪ್ಪನಿಂದ ಗಾಡಿ ಕಟ್ಟುವುದನ್ನು ಕಲಿತು, ಗಾಡಿ ಕೇಳುವವರು ಕಡಿಮೆಯಾದ ಮೇಲೆ ಬಾಗಿಲು, ಕಿಟಕಿ, ಮದುವೆಯ ಮಂಚಗಳಿಗೆ ಇಳಿದವರು. ವಿನಯ ಅವರ ಸ್ವಭಾವದಲ್ಲಿರಲಿಲ್ಲ. ಮೀಸೆಗೆ ಕಪ್ಪು ಹಚ್ಚಿ, ಕೂಲಿಂಗ್ ಗ್ಲಾಸು ಏರಿಸಿ ಮೊದಲ ದಿನ ಬಂದು, “ನಾನೇ ಈರೋ ತಾನೇ? ಪೈಟಿಂಗ್ ಐತಾ?” ಎಂದು ಕೇಳಿದ್ದರು. ರೈತನ ಪಾತ್ರಕ್ಕೆ ಅದೇ ಊರಿನ ಕಬ್ಬಿನ ರೈತ ಬೋರೇಗೌಡ. ನಿಜಜೀವನದಲ್ಲಿ ಇಬ್ಬರೂ ಜೀವದ ಗೆಳೆಯರು. ಅಂದರೆ ಎದುರಾದಾಗಲೆಲ್ಲ ಬೈದುಕೊಳ್ಳುವವರು.

ಚಿತ್ರೀಕರಣದ ಮೊದಲ ಬೆಳಿಗ್ಗೆಯೇ ಎಡವಟ್ಟಾಯಿತು. ಕ್ಯಾಮೆರಾದ ಹಿಂದೆ ಮಾರ್ಟಿನ್, ಹೆಲ್ಗಾ ಅವರ ಹಳೆಯ ಛಾಯಾಗ್ರಾಹಕ. ಭದ್ರಾಚಾರಿ ಉಳಿ ಹಿಡಿದು ಕೂತಿದ್ದಾರೆ. ಬೋರೇಗೌಡರು ಬಾಗಿಲಲ್ಲಿ ನಿಂತಿದ್ದಾರೆ. ಹೆಲ್ಗಾ ಉಸಿರು ಬಿಗಿಹಿಡಿದು ಕೂಗಿದರು: “ಉಂಟ್... ಬಿಟ್ಟೆ!”

ಭದ್ರಾಚಾರಿ ಉಳಿಯನ್ನು ಕೆಳಗಿಟ್ಟು, ಎದ್ದು, ಪಂಚೆ ಕೊಡವಿಕೊಂಡು ಹೊರಗೆ ನಡೆದರು.

ಹೆಲ್ಗಾ “ಡಾಂಕೆ” ಎಂದು ಕ್ಯಾಮೆರಾ ನಿಲ್ಲಿಸಿಸಿದರು. ಮತ್ತೆ ಕೂರಿಸಿದ್ದಾಯಿತು. “ಉಂಟ್... ಬಿಟ್ಟೆ!” ಮತ್ತೆ ಎದ್ದರು.

“ಯಾಕೆ ಎದ್ದು ಹೋಗ್ತೀರಿ ಆಚಾರ್ರೇ?” ಎಂದೆ ನಾನು.

“ಇನ್ನೇನ್ ಮಾಡಾನ ಸ್ವಾಮಿ? ಅವ್ರೇ ಬುಟ್ಟೆ ಅಂತಾವ್ರೆ. ಬುಟ್ ಮ್ಯಾಕೆ ಕುಂತಿರಾಕ್ ನಾನೇನ್ ಮಾನ ಇಲ್ದೋನಾ?” ಎಂದರು. ಆಮೇಲೆ ಹೆಲ್ಗಾ ಕಡೆ ತಿರುಗಿ, “ಉಂಟು ಅಂತೀರಿ, ಬುಟ್ಟೆ ಅಂತೀರಿ. ಉಂಟೋ ಬುಟ್ರೋ, ಒಂದ್ ಯೋಳವ್ವ!”

ಜರ್ಮನ್ ಭಾಷೆಯಲ್ಲಿ ‘ಉಂಟ್’ ಎಂದರೆ ‘ಮತ್ತು’. ‘ಬಿಟ್ಟೆ’ ಎಂದರೆ ‘ದಯವಿಟ್ಟು’. ಆ ದೇಶದ ಚಿತ್ರೀಕರಣಗಳಲ್ಲಿ ‘ಆ್ಯಕ್ಷನ್’ ಎನ್ನುವ ಬದಲು ‘ಉಂಟ್ ಬಿಟ್ಟೆ’ ಎನ್ನುವ ರೂಢಿಯಿದೆ. ದೃಶ್ಯ ಮುಗಿದಾಗ ‘ಡಾಂಕೆ’, ಅಂದರೆ ಧನ್ಯವಾದ. ಇದನ್ನು ನಾನು ವಿವರಿಸುತ್ತಿರುವಾಗಲೇ ಬೋರೇಗೌಡರು, “ಅದಾ? ದನ್ಕೆ ಅಂದ್ರು ಅಂತ ನಾನು ಉಲ್ ಆಕಾಕೆ ಒಂಟಿದ್ದೆ” ಎಂದರು. ಹೆಲ್ಗಾ ನೆಲದ ಮೇಲೆ ಕೂತು ಕಣ್ಣೀರು ಬರುವಷ್ಟು ನಕ್ಕರು. ಅಂದಿನಿಂದ ‘ಬಿಟ್ಟೆ’ಯ ಬದಲು ‘ಆಗ್ಲಿ’ ಎನ್ನುವುದೆಂದು ತೀರ್ಮಾನವಾಯಿತು. ಅವರು ಅದನ್ನು ‘ಆಕ್ಲಿ’ ಎನ್ನುತ್ತಿದ್ದರು. ಎಲ್ಲರಿಗೂ ಅರ್ಥವಾಗುತ್ತಿತ್ತು.

ಮುಂದಿನ ವಾರಗಳು ಸುಗಮವಾಗಿದ್ದವು. ಹೆಲ್ಗಾ ಭದ್ರಾಚಾರಿಯ ಕೈಕೆಲಸವನ್ನು ನೋಡುತ್ತ ಕೂತರೆ ಊಟದ ಹೊತ್ತು ಮೀರುತ್ತಿತ್ತು. ಮರದ ಹೊಟ್ಟನ್ನು ಮುಷ್ಟಿಯಲ್ಲಿ ಹಿಡಿದು ಮೂಸುತ್ತಿದ್ದರು. ಭದ್ರಾಚಾರಿ, “ತಿನ್ಬುಟ್ಟಾರು, ನೋಡ್ಕಳ್ಲಾ” ಎಂದು ಗೆಳೆಯನಿಗೆ ಕಣ್ಣು ಮಿಟುಕಿಸುತ್ತಿದ್ದರು. ಕಬ್ಬು ಹೊತ್ತ ಟ್ರಾಕ್ಟರುಗಳು ಹಾಡು ಹಾಕಿಕೊಂಡು ಬಂದಾಗಲೆಲ್ಲ ಸಿಂಕ್ ಸೌಂಡಿಗೆ ಅಡ್ಡಿಯಾಗುತ್ತಿತ್ತು. ಆಗ ಬೋರೇಗೌಡರು ಪಾತ್ರದಿಂದ ಹೊರಬಂದು ರಸ್ತೆಗೆ ಓಡಿ, “ಲೇ, ಆಫ್ ಮಾಡ್ಲಾ! ಇಲ್ಲಿ ನಾನ್ ಬೇಜಾರಾಗಿವ್ನಿ!” ಎಂದು ಕೂಗುತ್ತಿದ್ದರು.

ಕೊನೆಯ ದೃಶ್ಯದ ತಾಲೀಮಿನಲ್ಲಿ ಗಾಡಿ ನಿಂತಿತು. ಭದ್ರಾಚಾರಿಗೆ ಆ ವಾಕ್ಯ ಬಾಯಿಗೆ ಬರಲಿಲ್ಲ. “ನಾನು ನಿನ್ನ ಚಮಿಸಿದ್ದೀನಿ” ಎಂದರು.

“ಚಮ್ಚನಾ? ಏನ್ಲಾ ಆಚಾರಿ, ಪಾಯ್ಸ ಬಡುಸ್ತೀಯಾ?” ಎಂದು ಬೋರೇಗೌಡರು ಬಿದ್ದು ಬಿದ್ದು ನಕ್ಕರು.

ಉಚ್ಚಾರಣೆಯನ್ನು ನಾನು ತಿದ್ದಿದೆ. ಮರುದಿನ ‘ಕ್ಷ’ ಸ್ಪಷ್ಟವಾಗಿ ಬಂತು. ಆದರೆ ಮಾತು ಸತ್ತೇ ಹೋಯಿತು. ವಾರ್ತೆ ಓದಿದಂತೆ ಕೇಳಿಸಿತು. ಮತ್ತೆ ಮತ್ತೆ ಮಾಡಿಸಿದರು. ಕೊನೆಗೆ ಭದ್ರಾಚಾರಿ ಕೂಲಿಂಗ್ ಗ್ಲಾಸನ್ನು ಜೇಬಿನಿಂದ ತೆಗೆದು ಹಾಕಿಕೊಂಡರು. ಅದು ಅವರು ಮುನಿಸಿಕೊಂಡದ್ದರ ಗುರುತು.

“ಸ್ವಾಮಿ, ಅವ್ರಿಗೆ ಯೋಳಿ. ಕ್ಷಮಿಸಿದ್ದೀನಿ ಅಂತ ದೇವ್ರು ಯೋಳ್ಬೇಕು, ಇಲ್ಲಾ ಜಡ್ಜು ಯೋಳ್ಬೇಕು. ಜತೇಲಿ ಗೋಲಿ ಆಡ್ದೋನ್ಗೆ ನಾನ್ ಅಂಗಂದ್ರೆ, ಅವ್ನು ಕೆಳ್ಗೆ, ನಾನ್ ಅಟ್ಟದ್ ಮ್ಯಾಲೆ ಆಯ್ತೀವಿ. ಅದ್ ಮಾಪಿ ಅಲ್ಲ, ಇನ್ನೊಂದ್ ಕಿತ ಒಡ್ದಂಗೆ.”

ಒಲೆಯ ಮುಂದಿದ್ದ ಅವರ ಹೆಂಡತಿ ಗೌರಮ್ಮ ಅಲ್ಲಿಂದಲೇ, “ಕಟ್ಕೊಂಡಾಗಿಂದ ನನ್ಗೇ ಒಂದಿನ ಆ ಮಾತ್ ಅಂದಿಲ್ಲ ಈ ಮಾರಾಯ. ಆ ಬೋರಣ್ಣಂಗೆ ಅಂತದಾ?” ಎಂದರು.

ನಾನು ಎಲ್ಲವನ್ನೂ ಜರ್ಮನಿಗೆ ತಂದೆ. ಹೆಲ್ಗಾ ಕೇಳಿಸಿಕೊಂಡರು. ಬೇರೆ ಮಾತನ್ನು ಪ್ರಯತ್ನಿಸಬಹುದೆಂದು ನಾನು ಸೂಚಿಸಿದಾಗ ಅವರ ಮುಖ ಬಿಗಿಯಿತು. “ಈ ಚಿತ್ರವನ್ನು ನಾನು ಕೊನೆಯ ವಾಕ್ಯದಿಂದ ಹಿಂದಕ್ಕೆ ಬರೆದಿದ್ದೇನೆ. ಆ ವಾಕ್ಯ ಇಲ್ಲದಿದ್ದರೆ ಚಿತ್ರವೂ ಇಲ್ಲ” ಎಂದರು. ಅದು ಬೆದರಿಕೆಯಾಗಿರಲಿಲ್ಲ. ಸೈಕಲ್ಲಿಗೆ ಡಬ್ಬಿಗಳನ್ನು ಕಟ್ಟಿಕೊಂಡು ಹೋದ ಹೆಂಗಸೇ ಆಡಿದ ಮಾತು.

ಚಕ್ರ ಮುಗಿದಿತ್ತು. ಪಟ್ಟಾ ನಾಗಮಂಗಲದ ಒಬ್ಬ ಕಮ್ಮಾರರ ಕುಲುಮೆಯಿಂದ ಬಂದಿತ್ತು. ಪಟ್ಟಾ ಏರಿಸುವುದು ಒಂದೇ ಸಲ. ಕಾದ ಕಬ್ಬಿಣ ತಾಗಿ ಮರದ ಅಂಚು ಸುಡುತ್ತದೆ, ಮತ್ತೊಮ್ಮೆ ಮಾಡಬೇಕೆಂದರೆ ಹೊಸ ಚಕ್ರವೇ ಬೇಕು. ಮಾರ್ಟಿನ್ನನ ವೀಸಾದ ಅವಧಿ ಮುಗಿಯುತ್ತಾ ಬಂದಿತ್ತು. ಒಂದು ಚಕ್ರ, ಒಂದು ಹಬೆ, ಒಂದು ವಾಕ್ಯ. ಭದ್ರಾಚಾರಿ, “ಬ್ಯಾರೆ ಯಾರ್ನಾದ್ರೂ ನೋಡ್ಕಳಿ” ಎಂದು ಹೇಳಿ ಕಳಿಸಿದ್ದರು.

ಆ ದೃಶ್ಯಕ್ಕೆ ಎರಡು ದಿನ ಮುಂಚೆ, ಬೆಳಿಗ್ಗೆ, ಗಂಜಾಂನ ಹೊಳೆಯ ಮೆಟ್ಟಿಲ ಮೇಲೆ ನಾವಿಬ್ಬರೂ ಕೂತಿದ್ದೆವು. ದೇವಸ್ಥಾನಕ್ಕೆ ಬಂದವರು ನೀರಿಗಿಳಿಯುತ್ತಿದ್ದರು. ನಾನು ಮತ್ತೊಮ್ಮೆ ವಾದ ಹೂಡಲು ಬಂದಿದ್ದೆ. ವಾಕ್ಯರಚನೆ, ಸಾಮಾಜಿಕ ಶ್ರೇಣಿ, ಕ್ರಿಯಾಪದದ ಪ್ರಯೋಗ, ಎಲ್ಲವನ್ನೂ ಸಿದ್ಧಮಾಡಿಕೊಂಡಿದ್ದೆ. ಅವರು ನನ್ನ ತೋಳಿನ ಮೇಲೆ ಕೈ ಇಟ್ಟು ತಡೆದರು.

“ನನ್ನ ಅಪ್ಪ ಬಡಗಿ, ನಿಮಗೆ ಗೊತ್ತು. ಗಂಡುಮಕ್ಕಳಿರಲಿಲ್ಲ. ಕೆಲಸ ನನಗೆ ಕಲಿಸಿದ್ದ. ನಾನು ಅದನ್ನು ಬಿಟ್ಟು ಸಿನಿಮಾಕ್ಕೆ ಹೋದೆ. ಅಪ್ಪ ಒಂದು ದೊಡ್ಡ ಹಡಗಿನ ಕೆಲಸ ಒಪ್ಪಿಕೊಂಡಿದ್ದ, ನನ್ನ ಕೈ ನಂಬಿ. ಅದು ತಪ್ಪಿಹೋಯಿತು. ಅಂಗಡಿಯೂ ಮುಚ್ಚಿತು. ಅವನು ಸಾಯುವ ಮುಂಚೆ ಆಸ್ಪತ್ರೆಗೆ ಹೋಗಿ, ನನ್ನನ್ನು ಕ್ಷಮಿಸು ಅಂದೆ. ನೇರವಾಗಿ ಹಾಗೆಯೇ ಕೇಳಿದೆ.”

“ಏನೆಂದರು?”

“ಏನೂ ಇಲ್ಲ. ಕೈ ಹೀಗೆ ಆಡಿಸಿದ, ಮೇಜಿನ ಮೇಲೆ ಚೆಲ್ಲಿದ ಕಾಫಿಗೆ ಅನ್ನುವ ಹಾಗೆ ಏನೋ ಅಂದ. ಕಿಟಕಿ ಕಡೆ ತಿರುಗಿದ. ನಾನು ಕಾದೆ. ಆ ಮಾತು ಬರಲಿಲ್ಲ.” ಅವರೇ ಮುಂದುವರಿಸಿದರು. “ಐದು ಚಿತ್ರ ಮಾಡಿದೆ. ಐದರಲ್ಲೂ ಯಾರೋ ಒಬ್ಬರು ಆ ಮಾತಿಗೆ ಕಾಯುತ್ತಾರೆ. ಯಾವ ವಿಮರ್ಶಕನೂ ಗಮನಿಸಿಲ್ಲ. ಈ ಸಲ ಒಬ್ಬ ಬಡಗಿಯ ಬಾಯಲ್ಲಿ ಅದನ್ನು ಪೂರ್ತಿಯಾಗಿ, ಒಂದೂ ಪದ ಬಿಡದೆ ಕೇಳಬೇಕು. ಅಷ್ಟೆ.”

ನನ್ನ ವಾದಗಳನ್ನು ಅಲ್ಲೇ ಹೊಳೆಗೆ ಬಿಟ್ಟೆ. ಅಲ್ಲಿಂದ ಪಾಂಡವಪುರದ ಬಸ್ಸು ಹಿಡಿದು ಕ್ಯಾತನಹಳ್ಳಿಗೆ ಹೋಗಿ, ಆಕೆ ಹೇಳಿದ್ದನ್ನು ಭದ್ರಾಚಾರಿಗೆ ಹೇಳಿದೆ. ಹೇಳಬಹುದೇ ಎಂದು ಹೆಲ್ಗಾ ಅವರನ್ನು ಕೇಳಿಯೇ ಹೋಗಿದ್ದೆ. ಭದ್ರಾಚಾರಿ ಕೂಲಿಂಗ್ ಗ್ಲಾಸು ತೆಗೆದು ಒರೆಸಿದರು. ಬಹಳ ಹೊತ್ತು ಒರೆಸಿದರು.

“ಆಚಾರಿ ಮಗ್ಳಾ ಅವ್ರು?” ಎಂದರು. “ಮೊದ್ಲೇ ಯೋಳಾದಲ್ವಾ. ಬತ್ತೀನಿ ಬುಡಿ. ಆ ಮಾತ್ನ ಅಂತೀನಿ. ಬಾಯಿಗ್ ಬರ್ದಿದ್ರೂ ಅಂತೀನಿ.”

ದೃಶ್ಯದ ದಿನ ಬೆಳಿಗ್ಗೆ ಬೆರಣಿ, ತೆಂಗಿನ ಚಿಪ್ಪು, ಕಟ್ಟಿಗೆಗಳನ್ನು ಸುತ್ತ ಒಟ್ಟಿ ಪಟ್ಟಾವನ್ನು ಕಾಯಿಸಿದರು. ಊರಿನವರನ್ನು ದೂರ ನಿಲ್ಲಿಸಿದ್ದಾಗಿತ್ತು. ಗೌರಮ್ಮ ಕೋಳಿಗಳನ್ನು ಕೂಡಿಹಾಕಿದ್ದರು. ಚಕ್ರ ನೆಲದ ಮೇಲೆ ಅಂಗಾತ ಮಲಗಿತ್ತು. ಭದ್ರಾಚಾರಿ ಒಳಗೊಳಗೇ ವಾಕ್ಯವನ್ನು ಉರುಹೊಡೆಯುತ್ತಿದ್ದರು, ತುಟಿ ಅಲುಗುತ್ತಿತ್ತು. ಬೋರೇಗೌಡರು ಎರಡು ಕೊಡ ನೀರು ತುಂಬಿಸಿಕೊಂಡು ನಿಂತಿದ್ದರು. ಅಂದು ಅವರಿಗೂ ನಗು ಬರಲಿಲ್ಲ.

ಕಬ್ಬಿಣ ಕೆಂಪಾಯಿತು. ಮಾರ್ಟಿನ್ ತಲೆಯಾಡಿಸಿದ. ಎಲ್ಲರೂ ಹೆಲ್ಗಾ ಅವರ ಕಡೆ ನೋಡಿದೆವು. ಅವರು ಬೆಂಕಿಯನ್ನೇ ನೋಡುತ್ತಿದ್ದರು. ಎಲ್ಲಿದ್ದರೋ ಏನೋ. ಎಲ್ಲರೂ ಒಪ್ಪಿಕೊಂಡಿದ್ದ ‘ಆಗ್ಲಿ’ ಅವರಿಗೆ ನೆನಪಾಗಲಿಲ್ಲ. ಯೌವನದಿಂದ ಪ್ರತಿ ಚಿತ್ರದಲ್ಲೂ ಹೇಳಿಕೊಂಡು ಬಂದಿದ್ದ ಮಾತೇ ಬಾಯಿಗೆ ಬಂತು. ಕೂಗಲೂ ಇಲ್ಲ, ಮೆಲ್ಲಗೆ ಅಂದರು:

“ಬಿಟ್ಟೆ.”

ಭದ್ರಾಚಾರಿ ಕತ್ತೆತ್ತಿ ಅವರನ್ನು ನೋಡಿದರು. ಎದ್ದು ಹೋಗುತ್ತಾರೆಂದೇ ಅಂದುಕೊಂಡೆ. ಅವರು ಹೋಗಲಿಲ್ಲ. ಕಮ್ಮಾರರ ಜತೆ ಇಕ್ಕಳದಿಂದ ಪಟ್ಟಾವನ್ನು ಎತ್ತಿದರು, ಕೂರಿಸಿದರು, ಸುತ್ತಿಗೆಯಿಂದ ಬಡಿದರು. ಮರ ಹೊತ್ತಿಕೊಂಡು ಹೊಗೆ ಎದ್ದಿತು. ಬೋರೇಗೌಡರು ನೀರು ಸುರಿದರು. ಹಬೆ ಇಬ್ಬರನ್ನೂ ಮುಚ್ಚಿತು. ಕಬ್ಬಿಣ ಕುಗ್ಗುವ, ಚಕ್ರದ ಅರೆಕಾಲುಗಳು ನಡುವಿನ ಗುಂಬಕ್ಕೆ ಬಿಗಿಯುವ ಕಿರಕಿರ ಸದ್ದು. ಹಬೆ ತೆಳುವಾದಾಗ ಭದ್ರಾಚಾರಿಯ ಮುಖ ಕಂಡಿತು. ಅವರು ಗೆಳೆಯನ ಕಡೆ ನೋಡಲೂ ಇಲ್ಲ. ಚಕ್ರದ ಮೇಲೆ ಕೈಯಾಡಿಸುತ್ತ, ಯಾವುದೋ ಚಿಕ್ಕ ವಿಷಯವೆಂಬಂತೆ ಅಂದರು:

“ಬುಟ್ಟೆ ಕಣ್ಲಾ. ಬುಡು ಅತ್ಲಾಗೆ.”

ಬೋರೇಗೌಡರ ಕೈಯಿಂದ ಕೊಡ ಜಾರಿತು. ಅದು ಚಿತ್ರಕಥೆಯಲ್ಲಿರಲಿಲ್ಲ. ತೋಳಿನಿಂದ ಕಣ್ಣೊರೆಸಿಕೊಂಡು, “ವಗೆ ಕಣ್ಲಾ” ಎಂದು ಹೊಗೆಯ ಮೇಲೆ ಹಾಕಿದರು. ಅದೂ ಇರಲಿಲ್ಲ.

‘ಡಾಂಕೆ’ ಕೇಳಿಸಲಿಲ್ಲ. ಮಾರ್ಟಿನ್ ಕ್ಯಾಮೆರಾವನ್ನು ಓಡಿಸುತ್ತಲೇ ಇದ್ದ. ಕೊನೆಗೆ ತಾನೇ ನಿಲ್ಲಿಸಿ, ಹೆಲ್ಗಾ ಕಡೆ ತಿರುಗಿದ. ವಾಕ್ಯ ಹೋಯಿತು, ಚಕ್ರವೂ ಹೋಯಿತು ಎಂದು ನಾನು ಲೆಕ್ಕ ಹಾಕುತ್ತಿದ್ದೆ. ಹೆಲ್ಗಾ ನನ್ನ ಹತ್ತಿರ ಬಂದರು. ಸಿಟ್ಟಿರಲಿಲ್ಲ, ಗೊಂದಲವಿತ್ತು.

“ಅವರು ನನ್ನ ವಾಕ್ಯ ಹೇಳಲಿಲ್ಲ.”

“ಇಲ್ಲ.”

“ಯಾಕೆ? ಒಪ್ಪಿದ್ದರಲ್ಲ?”

ನಾನು ಭದ್ರಾಚಾರಿಯನ್ನು ಕೇಳಿದೆ. ಅವರಿಗೆ ಆಶ್ಚರ್ಯ. “ಅವ್ರೇ ಬುಟ್ಟೆ ಅಂದ್ರಲ್ಲಾ ಸ್ವಾಮಿ! ಆ ಮಾತ್ನ ಬುಟ್ಟೆ, ನಿನ್ಗ್ ಬಂದಂಗ್ ಯೋಳು ಅಂತ. ಅಷ್ಟು ಅಟ ಮಾಡ್ದೋರು ಬುಟ್ಮ್ಯಾಕೆ, ನಾನೂ ಬುಟ್ಟೆ ಅಂದೆ.”

ಹೆಲ್ಗಾ ತಾವು ಯಾವ ಪದ ಬಳಸಿದೆವೆಂದು ಆಗ ಗ್ರಹಿಸಿದರು. ಒಂದು ಕ್ಷಣ ಕಣ್ಣು ಮುಚ್ಚಿದರು. “ಅವರು ಅಂದದ್ದೇನು? ಪದಕ್ಕೆ ಪದ ಹೇಳಿ. ಚಂದ ಮಾಡಬೇಡಿ.”

ಪದಕ್ಕೆ ಪದ ಹೇಳುವುದು ನನ್ನ ಕಸುಬು. ಆದರೂ ತಡವರಿಸಿದೆ. ‘ಬಿಡ್’ ಧಾತುವಿಗೆ ನಮ್ಮ ನಿಘಂಟಿನಲ್ಲಿ ತೊರೆ, ಸಡಿಲಿಸು, ಕಳಿಸು, ಬಿಡುಗಡೆ ಮಾಡು ಎಂದೆಲ್ಲ ಅರ್ಥಗಳಿವೆ. ಪಾದ್ರಿಗಳ ಟಿಪ್ಪಣಿಗಳಲ್ಲಿ ಅದಕ್ಕೆ ಕೊಡುವ ಜರ್ಮನ್ ಕ್ರಿಯಾಪದ ‘ಲಾಸೆನ್’. ನಾನು ಅದರಿಂದಲೇ ಆರಂಭಿಸಿದೆ. “ಬಿಟ್ಟಿದ್ದೇನೆ. ನೀನೂ ಬಿಡು, ಆ ಕಡೆಗೆ. ಲಾಸ್... ಇರಲಿ ಬಿಡು ಎಂದ ಹಾಗೆ. ನಿಮ್ಮ ಭಾಷೆಯಲ್ಲಿ ಹೇಳುವುದಾದರೆ, ಲಾಸ್ ಗೂಟ್ ಸೈನ್.”

ಹೆಲ್ಗಾ ನನ್ನ ತೋಳು ಹಿಡಿದರು.

“ಇನ್ನೊಮ್ಮೆ ಹೇಳಿ.”

“ಲಾಸ್ ಗೂಟ್ ಸೈನ್.”

“ಇಲ್ಲಿ... ಅದು ಕ್ಷಮೆಯೇ?”

“ಇಲ್ಲಿ ಕ್ಷಮೆಗೆ ಇರುವ ಮಾತು ಅದೊಂದೇ. ತಂದೆ ಮಗನಿಗೆ, ಅತ್ತೆ ಸೊಸೆಗೆ, ಗೆಳೆಯ ಗೆಳೆಯನಿಗೆ ಅನ್ನುವುದು ಅದನ್ನೇ. ತಪ್ಪನ್ನು ಎತ್ತಿ ಆಡದೆ, ಮುಖ ನೋಡದೆ, ಕೈಯಾಡಿಸಿ ಅನ್ನುವುದು.”

ಅವರು ಬಲಗೈಯನ್ನು ಎತ್ತಿ ಗಾಳಿಯಲ್ಲಿ ಆಡಿಸಿದರು. ಹೊಳೆಯ ಮೆಟ್ಟಿಲ ಮೇಲೆ ನನಗೆ ಮಾಡಿ ತೋರಿಸಿದ್ದ ಅದೇ ಸನ್ನೆ.

“ಅಪ್ಪ ಅಂದದ್ದು ಅದನ್ನೇ” ಎಂದರು. “ಲಾಸ್ ಗೂಟ್ ಸೈನ್, ಮೇಡ್ಷೆನ್. ಬಿಡು, ಮಗು. ನಾನು... ಸಾಕು, ತೊಲಗು ಅಂದ ಅಂತ ತಿಳಿದಿದ್ದೆ.”

ಆಮೇಲೆ ಅವರು ಇನ್ನೂ ಹಬೆಯಾಡುತ್ತಿದ್ದ ಚಕ್ರದ ಹತ್ತಿರ ಹೋಗಿ ನೆಲದ ಮೇಲೆ ಕೂತರು. ಅಳುತ್ತಿದ್ದರೋ ನಗುತ್ತಿದ್ದರೋ, ನಿಂತ ಜಾಗದಿಂದ ನನಗೆ ಖಚಿತವಾಗಲಿಲ್ಲ. ಎರಡನ್ನೂ ದಾಖಲಿಸುತ್ತಿದ್ದೇನೆ. ಭದ್ರಾಚಾರಿ ಗಾಬರಿಯಾಗಿ, “ಏನಾಯ್ತು ಸ್ವಾಮಿ? ನಾನ್ ಕೆಡಿಸ್ಬುಟ್ನಾ?” ಎಂದರು. ಗೌರಮ್ಮ ಒಂದು ಲೋಟ ನೀರಿನ ಜತೆ ಬೆಲ್ಲದ ಚೂರು ತಂದು ಹೆಲ್ಗಾ ಅವರ ಪಕ್ಕದಲ್ಲಿ ಕೂತರು. “ಬುಡವ್ವ, ಬುಡು” ಎಂದು ಬೆನ್ನು ಸವರಿದರು. ಅದನ್ನು ನಾನು ಅನುವಾದಿಸುವ ಮೊದಲೇ ಹೆಲ್ಗಾ ತಲೆಯಾಡಿಸಿದ್ದರು.

ಚಿತ್ರ ಮುಗಿಯಿತು. ಕೊನೆಯ ದೃಶ್ಯ ಅಂದು ಮುದ್ರಿತವಾದ ಹಾಗೆಯೇ ಇದೆ. ಜಾರಿದ ಕೊಡ, ‘ವಗೆ ಕಣ್ಲಾ’ ಎಲ್ಲವೂ ಇವೆ. ಪರದೆಯ ಕೆಳಗೆ ಬರುವ ಅನುವಾದ, ಅಂದರೆ ಸಬ್‌ಟೈಟಲ್ಲು, ಒಂದು ಸಲಕ್ಕೆ ಎರಡು ಸಾಲು ಮೀರಬಾರದು. ಎಷ್ಟೋ ಮಾತುಗಳನ್ನು ಆ ಎರಡು ಸಾಲಿಗೆ ಇಳಿಸಲು ನಾವು ಜಗಳವಾಡಿದ್ದೇವೆ. ಕೊನೆಯ ಮಾತಿಗೆ ಮಾತ್ರ ಮೂರೇ ಪದ ಸಾಕಾದವು. ಬರೆದವರು ಅವರೇ, ಗಂಜಾಂನ ನಮ್ಮ ಜಗಲಿಯಲ್ಲಿ ಕೂತು. ಬರೆದ ಚಿತ್ರಕಥೆಯ ಮಾತೊಂದನ್ನು ಅವರು ಬದಲಾಯಿಸಿದ್ದು ಆ ಒಂದು ಸಲ ಎಂದು ಮಾರ್ಟಿನ್ ಹೇಳಿದ. ಅದನ್ನು ಇನ್ನಿಬ್ಬರಿಂದ ಕೇಳಿ ಖಚಿತಪಡಿಸಿಕೊಂಡಿದ್ದೇನೆ. ಅವರ ವೃತ್ತಿಜೀವನದ ಟಿಪ್ಪಣಿಯನ್ನೂ ಮುಗಿಸಿದೆ. ಮೊದಲ ಚಿತ್ರದ ಮುಂದೆ ಮೂರು ಇಸವಿಗಳನ್ನೂ ಕೊಟ್ಟಿದ್ದೇನೆ. ಬರೆದದ್ದು, ತೆಗೆದದ್ದು, ಕಂಡದ್ದು ಬೇರೆ ಬೇರೆ ವರ್ಷಗಳಲ್ಲಿ ಆಗಬಹುದೆಂಬುದನ್ನು ಈಗ ಒಪ್ಪುತ್ತೇನೆ. ಆಡಿದ ಮಾತೊಂದು ಕೇಳಿಸಿಕೊಳ್ಳಲು ಅರ್ಧ ಆಯುಷ್ಯ ತೆಗೆದುಕೊಂಡದ್ದನ್ನು ಕಣ್ಣಾರೆ ಕಂಡಿದ್ದೇನಲ್ಲ.

ನಮ್ಮ ಕಸುಬಿನಲ್ಲಿ ಪದದ ಅರ್ಥವನ್ನು ನಿರ್ಧರಿಸಲು ಅದನ್ನು ಆಡಿದವರು ಯಾರು, ಯಾವ ಊರು, ಯಾವ ಸಂದರ್ಭ ಎಂದು ಬರೆದುಕೊಳ್ಳುತ್ತೇವೆ. ಕೇಳಿದವರು ಯಾರು ಎಂದು ಬರೆಯುವ ಪದ್ಧತಿಯಿಲ್ಲ. ಬರೆಯಬೇಕೆಂದು ನನಗೆ ಕಲಿಸಿದ್ದು ಆ ಹಬೆಯ ಬೆಳಿಗ್ಗೆ. ಆಡುವವನ ಬಾಯಲ್ಲಿ ಅರ್ಧ ಅರ್ಥವಿದ್ದರೆ, ಉಳಿದರ್ಧ ಅದಕ್ಕೆ ಕಾದು ಕೂತವರ ಕಿವಿಯಲ್ಲಿರುತ್ತದೆ. ನನ್ನ ಸ್ವಂತ ಪ್ರತಿಯ ನಿಘಂಟಿನಲ್ಲಿ ‘ಬಿಡು’ವಿನ ಅರ್ಥಗಳ ಕೊನೆಗೆ ‘ಕ್ಷಮಿಸು’ ಎಂದು ಸೇರಿಸಿ, ಆಡಿದವರು ಕ್ಯಾತನಹಳ್ಳಿಯ ಬಡಗಿ, ಕೇಳಿದವರು ಬಡಗಿಯ ಮಗಳು ಎಂದು ಬರೆದಿದ್ದೇನೆ.

ಹೆಲ್ಗಾ ಹೊರಟ ದಿನ ಭದ್ರಾಚಾರಿ, ಗೌರಮ್ಮ, ಬೋರೇಗೌಡ ಮೂವರೂ ಶ್ರೀರಂಗಪಟ್ಟಣದ ರೈಲು ನಿಲ್ದಾಣಕ್ಕೆ ಬಂದಿದ್ದರು. ಭದ್ರಾಚಾರಿ ಮೀಸೆಗೆ ಹೊಸದಾಗಿ ಕಪ್ಪು ಹಚ್ಚಿದ್ದರು. ರೈಲು ಬರುವ ಹೊತ್ತಿಗೆ ಕೈ ಮುಗಿದು, “ಬೋ ಉಪ್ಕಾರ ಆಯ್ತು ಕಣವ್ವ. ತ್ಯಾಂಕ್ಸು” ಎಂದರು.

ಧನ್ಯವಾದಕ್ಕೆ ಜರ್ಮನರು ಕೊಡುವ ಉತ್ತರವೂ ಅದೇ ಪದ. “ಬಿಟ್ಟೆ” ಎಂದರು ಹೆಲ್ಗಾ.

“ಅಯ್, ಓಗೋ ಗಳಿಗೇಲಿ ಬುಟ್ಟೆ ಅನ್ಬಾರ್ದು ಕಣವ್ವ! ಬತ್ತೀನಿ ಅನ್ಬೇಕು” ಎಂದು ಭದ್ರಾಚಾರಿ ಗದರಿದರು.

ನಾನು ಅರ್ಥ ಹೇಳಿ, “ಬರುತ್ತೇನೆ” ಎಂದು ಶುದ್ಧವಾಗಿ, ಬಿಡಿಬಿಡಿಯಾಗಿ ಉಚ್ಚರಿಸಿ ಕಲಿಸಿದೆ. ಹೆಲ್ಗಾ ಮೆಟ್ಟಿಲು ಹತ್ತಿ, ಬಾಗಿಲ ಸರಳು ಹಿಡಿದು, ನನ್ನನ್ನು ದಾಟಿ ಆ ಮೂವರ ಕಡೆ ನೋಡಿದರು.

“ಬತ್ತೀನಿ” ಎಂದರು.